ಡೇಟಾಬೇಸ್ ಫೈಲ್ ಕಾಪಿ ಮಾಡಿದರೆ ಬ್ಯಾಕಪ್ ಆಯ್ತು ಅಂದುಕೊಳ್ಳಬೇಡಿ

ಎಸ್‌ಕ್ಯೂಲೈಟ್ (ಡೇಟಾವನ್ನು ಕಂಪ್ಯೂಟರಿನಲ್ಲೇ ಫೈಲಾಗಿ ಇಡುವ ಡೇಟಾಬೇಸ್) ಬಳಸಿ ಸಾಫ್ಟ್‌ವೇರ್ ಬರೆಯುವವರು ದಯವಿಟ್ಟು ಇದನ್ನು ಓದಿ. ನನ್ನ ತಪ್ಪಿಗೆ ಬೇರೆಯವರ ಎರಡು ವಾರದ ಲೆಕ್ಕ ಹೋಯಿತು.

ಸದಸ್ಯರ ವಂತಿಗೆ ಬರೆದಿಡುವ ಚಿಕ್ಕ ಸಾಫ್ಟ್‌ವೇರ್ ಅದು. ಲೆಕ್ಕವನ್ನು ಬೇರೆ ಫೈಲಾಗಿ ತೆಗೆಯುವ ಎಕ್ಸ್‌ಪೋರ್ಟ್ ಇರಲಿಲ್ಲ. ‘ಬ್ಯಾಕಪ್’ ಅಂತ ಒಂದು ಬಟನ್ ಇಟ್ಟಿದ್ದೆ. ಒತ್ತಿದರೆ ಡೇಟಾಬೇಸ್ ಫೈಲ್ ಪೆನ್‌ಡ್ರೈವ್‌ಗೆ ಕಾಪಿ ಆಗುತ್ತಿತ್ತು, ಅಷ್ಟೇ. ಅದನ್ನು ಬಳಸುತ್ತಿದ್ದವರು ದಿನಾ ಸಂಜೆ ತಪ್ಪದೆ ಒತ್ತುತ್ತಿದ್ದರು. ಒಂದು ಬೆಳಿಗ್ಗೆ ಹಾರ್ಡ್ ಡಿಸ್ಕ್ ಕೆಟ್ಟುಹೋಯಿತು. ನಿನ್ನೆಯ ಕಾಪಿ ಇದೆಯಲ್ಲ ಅಂತ ಧೈರ್ಯವಾಗಿ ತೆರೆದೆ. ಕೊನೆಯ ಎರಡು ವಾರದ ಒಂದು ನಮೂದೂ ಇಲ್ಲ.

ಫೈಲ್ ಹಾಳಾಗಿರಬೇಕು ಅಂತ ಇಂಟೆಗ್ರಿಟಿ ಚೆಕ್ (ಫೈಲ್ ಸರಿಯಿದೆಯೇ ಅಂತ ನೋಡುವ ಪರೀಕ್ಷೆ) ಓಡಿಸಿದೆ. ‘ಓಕೆ’ ಅಂತ ಬಂತು. ಅರ್ಧ ದಿನ ಅಲ್ಲೇ ದಾರಿ ತಪ್ಪಿದೆ. ಫೈಲ್ ಸರಿಯಾಗಿಯೇ ಇತ್ತು, ಹಳೆಯದಾಗಿತ್ತು.

ವೇಗ ಬರಲಿ ಅಂತ ನಾನು ಎಸ್‌ಕ್ಯೂಲೈಟಿನ ವಾಲ್ (WAL) ಮೋಡ್ ಹಾಕಿದ್ದೆ. ಅದರಲ್ಲಿ ಹೊಸ ನಮೂದು ಮೊದಲು ಪಕ್ಕದ ಇನ್ನೊಂದು ಫೈಲಿಗೆ ಹೋಗುತ್ತದೆ. ಆ ಫೈಲ್ ಸುಮಾರು 1000 ಪೇಜ್ (ಡೇಟಾಬೇಸ್ ಬರೆಯುವ ಒಂದೊಂದು ತುಣುಕು) ಆದಾಗ, ಇಲ್ಲವೇ ಕೊನೆಯ ಕನೆಕ್ಷನ್ ಮುಚ್ಚಿದಾಗ, ಮುಖ್ಯ ಫೈಲಿಗೆ ಸೇರುತ್ತದೆ. ಇಲ್ಲಿ ದಿನಕ್ಕೆ ಹತ್ತಿಪ್ಪತ್ತೇ ನಮೂದು. ಕಂಪ್ಯೂಟರ್ ರಾತ್ರಿಯೂ ಆನ್ ಇರುತ್ತಿತ್ತು, ಸಾಫ್ಟ್‌ವೇರ್ ಮುಚ್ಚುತ್ತಲೇ ಇರಲಿಲ್ಲ. ಹೊಸದೆಲ್ಲ ಪಕ್ಕದ ಫೈಲಿನಲ್ಲೇ ಉಳಿದು, ಡಿಸ್ಕಿನ ಜೊತೆಗೇ ಹೋಯಿತು.

ತೆರೆದಿರುವ ಡೇಟಾಬೇಸನ್ನು ಸುಮ್ನೆ ಕಾಪಿ ಮಾಡಬೇಡಿ. ಡೇಟಾಬೇಸನ್ನು ಹೊಸ ಫೈಲಿಗೆ ಬರೆಯುವ ‘ವ್ಯಾಕ್ಯೂಮ್ ಇನ್‌ಟು’ ಆದೇಶ ಇದೆ, ಎಸ್‌ಕ್ಯೂಲೈಟಿನದೇ ಬ್ಯಾಕಪ್ ಎಪಿಐ (ನಮ್ಮ ಸಾಫ್ಟ್‌ವೇರ್‌ನಿಂದ ಕರೆಯುವ ಸೌಲಭ್ಯ) ಇದೆ. ಎರಡೂ ಪಕ್ಕದ ಫೈಲಿನಲ್ಲಿರುವುದನ್ನೂ ಸೇರಿಸಿಯೇ ಬರೆಯುತ್ತವೆ.

ಆಮೇಲೆ ಸಿಎಸ್‌ವಿ (ಅಲ್ಪವಿರಾಮದಿಂದ ಬೇರ್ಪಡಿಸಿದ ಸಾದಾ ಪಠ್ಯ ಫೈಲ್) ಎಕ್ಸ್‌ಪೋರ್ಟ್ ಸೇರಿಸಿದೆ. ಎಕ್ಸೆಲ್‌ನಲ್ಲಿ ತೆರೆದರೆ ಕನ್ನಡ ಹೆಸರುಗಳೆಲ್ಲ ಚಿತ್ರವಿಚಿತ್ರ ಗುರುತುಗಳು. ಯುಟಿಎಫ್-8 ಫೈಲಿನ ಶುರುವಿನಲ್ಲಿ ಬಾಮ್ (ಅಕ್ಷರಗಳನ್ನು ಹೇಗೆ ಓದಬೇಕು ಅಂತ ತಿಳಿಸುವ ಗುರುತು) ಹಾಕಿದ ಮೇಲೆ ಸರಿಯಾಯಿತು. ಇದಕ್ಕಿಂತ ಜಾಸ್ತಿ ಅಪಾಯ ಸಂಖ್ಯೆಗಳದ್ದು, ಯಾಕೆಂದರೆ ಅದು ಕಣ್ಣಿಗೆ ಬೀಳುವುದಿಲ್ಲ. ಎಕ್ಸೆಲ್‌ನಲ್ಲಿ ತೆರೆದಾಗ ಸಂಖ್ಯೆಯ ಶುರುವಿನ ಸೊನ್ನೆಗಳು ಹಾರಿಹೋಗುತ್ತವೆ. ಎಕ್ಸೆಲ್ 15 ಅಂಕಿ ಮಾತ್ರ ಹಿಡಿದಿಡುವುದರಿಂದ 16 ಅಂಕಿಯ ಖಾತೆ ಸಂಖ್ಯೆಯ ಕೊನೆಯ ಅಂಕಿ ಸೊನ್ನೆಯಾಗುತ್ತದೆ. ಹಾಗೇ ಸೇವ್ ಮಾಡಿದರೆ ಆ ಫೈಲಿನಲ್ಲಿ ಮೂಲ ಸಂಖ್ಯೆ ಮತ್ತೆ ಸಿಗುವುದಿಲ್ಲ. ಅಂಥ ಕಾಲಂಗಳನ್ನು ಟೆಕ್ಸ್ಟ್ ಅಂತ ಆರಿಸಿಯೇ ಇಂಪೋರ್ಟ್ ಮಾಡಲು ಬಳಸುವವರಿಗೆ ಹೇಳಿ.

ಈಗ ಬ್ಯಾಕಪ್ ಆದ ತಕ್ಷಣ ಸಾಫ್ಟ್‌ವೇರ್ ಆ ಕಾಪಿಯನ್ನೇ ತೆರೆದು, ಎಷ್ಟು ನಮೂದು, ಕೊನೆಯದು ಯಾವ ದಿನದ್ದು ಅಂತ ತೋರಿಸುತ್ತದೆ. ಇದನ್ನು ಬರೆಯಲು ನನಗೆ ಒಂದು ಗಂಟೆ ಹಿಡಿಯಿತು. ಮೊದಲೇ ಬರೆದಿದ್ದರೆ ಮೊದಲ ದಿನವೇ ಗೊತ್ತಾಗುತ್ತಿತ್ತು, ಅಲ್ವಾ?

ಹೋದ ಲೆಕ್ಕವನ್ನು ಅವರು ರಸೀದಿ ಪುಸ್ತಕ ನೋಡಿ ಮತ್ತೆ ಬರೆದರು. ಏಳು ಜನರ ಹಣ ಇನ್ನೂ ತಾಳೆಯಾಗಿಲ್ಲ.