ಆಮದು ಹಗ್ಗದ ಸುರುಳಿ: ಚೀಟಿ ಹೇಳುವುದೇನು, ತಕ್ಕಡಿ ಹೇಳುವುದೇನು

ಹಗ್ಗದ ಆಮದಿನಲ್ಲಿ ಮೂರು ಲೆಕ್ಕ ನಡೆಯುತ್ತವೆ. ಸುಂಕದವರದು ಕಿಲೋ ಲೆಕ್ಕ, ಮಾರುವವರದು ಮೀಟರ್ ಲೆಕ್ಕ, ಬಳಸುವವರಿಗೆ ಬೇಕಾದದ್ದು ಬಲದ ಲೆಕ್ಕ. ಮೂರೂ ಒಂದಕ್ಕೊಂದು ತಾಳೆಯಾದರೆ ಸರಕು ಸರಿ. ತಾಳೆಯಾಗದಿದ್ದರೆ ಯಾವುದೋ ಒಂದು ಕಡೆ ಕಳಪೆ ಇದೆ ಎಂದೇ ಅರ್ಥ. ಇಲ್ಲಿ ತೂಗಿ ನೋಡಿರುವುದು ಆಮದು ಸರಕಿನಲ್ಲಿ ಸಾಮಾನ್ಯವಾಗಿ ಬರುವ 12 ಮಿ.ಮೀ. ದಪ್ಪದ, ಮೂರು ಹುರಿಯ, 220 ಮೀಟರ್ ಸುರುಳಿಯ ಹಗ್ಗಗಳನ್ನು. ಜೊತೆಗೆ ಹುಲ್ಲಿನ ಪೆಂಡಿ ಕಟ್ಟುವ ಬೇಲರ್ ದಾರವನ್ನು.

ಮೊದಲು ಒಂದು ಮಾತು. ಹಗ್ಗದ ಚೀಟಿಯ ಮೇಲಿನ ದಪ್ಪ ಬರಿಯ ಹೆಸರು. ಸಡಿಲವಾಗಿ ಹೊಸೆದರೆ 11 ಮಿ.ಮೀ. ಹಗ್ಗವೂ ಕೈಗೆ 12ರಂತೆ ಸಿಗುತ್ತದೆ. ಆದರೆ ಹಗ್ಗದ ಬಲ ದಪ್ಪದ ವರ್ಗಕ್ಕೆ ತಕ್ಕಂತೆ ಏರಿಳಿಯುತ್ತದೆ: 12ರ ಬದಲು 11 ಬಂದರೆ ಶೇಕಡ 16ರಷ್ಟು ಮಾಲು ಕಡಿಮೆ, 10 ಬಂದರೆ ಶೇಕಡ 30ರಷ್ಟು ಕಡಿಮೆ. ಕಣ್ಣಿಗೆ ಕಾಣದ ಈ ವ್ಯತ್ಯಾಸ ತಕ್ಕಡಿಯಲ್ಲಿ ಬಚ್ಚಿಟ್ಟುಕೊಳ್ಳಲಾರದು. ಅದಕ್ಕೇ ಈ ವಿಮರ್ಶೆಯಲ್ಲಿ ಮುಖ್ಯ ಹಗ್ಗಗಳಿಗೆ ಮೀಟರಿಗೆ ಎಷ್ಟು ಗ್ರಾಂ, ಎಷ್ಟು ಭಾರಕ್ಕೆ ತುಂಡಾಗುತ್ತದೆ ಎಂಬ ಎರಡು ಸಂಖ್ಯೆ ಕೊಟ್ಟಿದೆ. ತೂಕದಲ್ಲಿ ಐದಾರು ಶೇಕಡ ಆಚೀಚೆಯಾಗುವುದು ಸಹಜ. ಹತ್ತು ದಾಟಿದರೆ ಸಹಜವಲ್ಲ.

ಪಾಲಿಪ್ರಾಪಿಲೀನ್ ಅಗ್ಗ, ಹಗುರ, ನೀರಲ್ಲಿ ತೇಲುತ್ತದೆ. ಮೀಟರಿಗೆ 65 ಗ್ರಾಂ, ಎಂದರೆ 220 ಮೀಟರಿನ ಸುರುಳಿ ಕಟ್ಟಿನ ಚೀಲ ಕಳೆದು 14.3 ಕಿಲೋ ತೂಗಬೇಕು. ತುಂಡಾಗುವ ಭಾರ ಸುಮಾರು 20 ಕಿಲೋನ್ಯೂಟನ್, ಅಂದರೆ ಎರಡು ಟನ್ನಿನ ಆಸುಪಾಸು. ಸರಕು ಮುಚ್ಚಿ ಬಿಗಿಯಲು, ತಾತ್ಕಾಲಿಕ ಬೇಲಿ ಎಳೆಯಲು, ನೀರಿನ ಮೇಲೆ ಗುರುತು ಬಿಡಲು ಇದಕ್ಕಿಂತ ಒಳ್ಳೆಯದು ಬೇಕಿಲ್ಲ. ಮೋಸ ಹೆಚ್ಚು ನಡೆಯುವುದೂ ಇದರಲ್ಲೇ, ಆದ್ದರಿಂದ ಸ್ವಲ್ಪ ನಿಂತು ನೋಡಬೇಕು.

ಒಂದನೆಯದು ಸುಣ್ಣದ ಪುಡಿ. ಪ್ಲಾಸ್ಟಿಕ್ಕಿಗಿಂತ ಕ್ಯಾಲ್ಸಿಯಂ ಕಾರ್ಬೊನೇಟ್ ಅಗ್ಗ, ಜೊತೆಗೆ ಭಾರ. ಕಿಲೋ ಲೆಕ್ಕದಲ್ಲಿ ಮಾರುವವರಿಗೆ ಇದನ್ನು ಬೆರೆಸುವ ಆಸೆ ಸದಾ ಇರುತ್ತದೆ. ತೂಕ ಸರಿಯಾಗಿಯೇ ಬರುತ್ತದೆ, ಬಲ ಮಾತ್ರ ಬರುವುದಿಲ್ಲ. ಪತ್ತೆ ಸುಲಭ. ಹಗ್ಗದಿಂದ ಒಂದು ಎಳೆ ಬಿಡಿಸಿ, ಸೋಪು ನೀರಿನಲ್ಲಿ ಉಜ್ಜಿ ಗಾಳಿ ಗುಳ್ಳೆ ಬಿಡಿಸಿ, ನೀರಿನ ಲೋಟಕ್ಕೆ ಹಾಕಿ. ಶುದ್ಧ ಪಾಲಿಪ್ರಾಪಿಲೀನಿನ ಸಾಂದ್ರತೆ 0.91, ತೇಲಲೇಬೇಕು. ತೂಕದಲ್ಲಿ ಶೇಕಡ 15ರಷ್ಟು ಸುಣ್ಣದ ಪುಡಿ ಸೇರಿದರೆ ಸಾಂದ್ರತೆ 1 ದಾಟುತ್ತದೆ, ಎಳೆ ಮುಳುಗುತ್ತದೆ. ಅದಕ್ಕಿಂತ ಕಡಿಮೆ ಬೆರಕೆಯಿದ್ದರೆ ತೇಲಿಯೂ ತಪ್ಪಿಸಿಕೊಳ್ಳಬಹುದು. ಆಗ ಒಂದು ಹಿಡಿ ಎಳೆಯನ್ನು ತಗಡಿನ ಮೇಲೆ ಪೂರ್ತಿ ಸುಡಿ. ಶುದ್ಧವಾದದ್ದು ಬಹುತೇಕ ಏನೂ ಉಳಿಸುವುದಿಲ್ಲ. ಬಿಳಿ ಬೂದಿ ಉಳಿದು, ಅದರ ಮೇಲೆ ವಿನೆಗರ್ ಬಿಟ್ಟಾಗ ನೊರೆ ಎದ್ದರೆ ಅದು ಸುಣ್ಣವೇ.

ಎರಡನೆಯದು ಬಿಸಿಲು. ಬಿಸಿಲು ತಡೆಯುವ ರಾಸಾಯನಿಕ ಸೇರಿಸದ ಪಾಲಿಪ್ರಾಪಿಲೀನ್ ಉರಿಬಿಸಿಲಿನಲ್ಲಿ ಕೆಲವೇ ತಿಂಗಳಲ್ಲಿ ಪುಡಿ ಉದುರಿಸಲು ತೊಡಗುತ್ತದೆ. ಉಗುರಿನಿಂದ ಕೆರೆದಾಗ ನಾರು ಚೂರುಚೂರಾಗಿ ಬಂದರೆ ಆ ಹಗ್ಗದಿಂದ ಭಾರ ಎತ್ತಬಾರದು. ಹೊಸ ಸುರುಳಿಯಲ್ಲಿ ಇದನ್ನು ಕಣ್ಣಿನಿಂದ ಕಂಡುಹಿಡಿಯಲಾಗದು, ಆದ್ದರಿಂದ ಆರ್ಡರಿನಲ್ಲೇ ಬಿಸಿಲು ತಡೆ ಸೇರಿಸಿದ ಮಾಲು ಎಂದು ಬರೆಸಿಕೊಳ್ಳಬೇಕು.

ಮೂರನೆಯದು ಒಳಗಿನ ಹುರಿ. ಹೊರಗೆ ಹೊಳೆಯುವ ಹೊಸ ಎಳೆ, ಒಳಗೆ ಮರುಬಳಕೆಯ ಬಣ್ಣಗೆಟ್ಟ ಎಳೆ. ತುದಿಯಿಂದ ಒಂದು ಮೊಳ ಹುರಿ ಬಿಚ್ಚಿ ಮೂರನ್ನೂ ಬೇರ್ಪಡಿಸಿ, ಪ್ರತಿಯೊಂದರ ನಡುವನ್ನೂ ನೋಡಿ. ಹೊರಗಿನ ಎಳೆಗೂ ಒಳಗಿನ ಎಳೆಗೂ ಬಣ್ಣ, ಹೊಳಪು, ದಪ್ಪ ಒಂದೇ ಇರಬೇಕು.

ಪಾಲಿಎಥಿಲೀನ್ ಹಗ್ಗ ಮುಟ್ಟಲು ಮೇಣದಂತೆ ನುಣುಪು. ಬಲ ಪಾಲಿಪ್ರಾಪಿಲೀನಿನ ಮುಕ್ಕಾಲು ಭಾಗ, ಕರಗುವ ಬಿಸಿಯೂ ಕಡಿಮೆ, 130 ಡಿಗ್ರಿ ಸೆಲ್ಸಿಯಸ್ ಹತ್ತಿರ. ನೀರು ಕುಡಿಯುವುದಿಲ್ಲವಾದ್ದರಿಂದ ಮೀನುಬಲೆಯ ಕೆಲಸಕ್ಕೆ ಹಿಡಿಸುತ್ತದೆ. ಉಳಿದ ಕೆಲಸಕ್ಕೆ ಇದನ್ನು ಆರಿಸಲು ಕಾರಣ ಕಾಣುವುದಿಲ್ಲ.

ನೈಲಾನ್ ಬೇರೆಯೇ ಮಟ್ಟದ್ದು. ಮೀಟರಿಗೆ 89 ಗ್ರಾಂ, ತುಂಡಾಗುವ ಭಾರ 29 ಕಿಲೋನ್ಯೂಟನ್ ಮೇಲೆ. ಜಗ್ಗಿದರೆ ಹಿಗ್ಗುತ್ತದೆ, ಬಿಟ್ಟರೆ ಮರಳುತ್ತದೆ. ಲಂಗರಿನ ಹಗ್ಗಕ್ಕೆ, ಸಿಕ್ಕಿಬಿದ್ದ ವಾಹನ ಎಳೆಯಲು ಈ ಗುಣವೇ ಬೇಕು, ಏಕೆಂದರೆ ಹಠಾತ್ ಬೀಳುವ ಎಳೆತವನ್ನು ಅದು ನುಂಗಿಕೊಳ್ಳುತ್ತದೆ. ಅದೇ ಗುಣ ಅಪಾಯವೂ ಹೌದು. ಹಿಗ್ಗಿದ ನೈಲಾನ್ ತುಂಡಾದರೆ ತುದಿ ಚಾಟಿಯಂತೆ ಹಿಂದಕ್ಕೆ ಹೊಡೆಯುತ್ತದೆ. ಹಗ್ಗದ ನೇರಕ್ಕೆ ಯಾರೂ ನಿಲ್ಲಬಾರದು. ಇನ್ನೊಂದು ಕೊರತೆ, ನೆನೆದಾಗ ಬಲದಲ್ಲಿ ಶೇಕಡ 10ರಿಂದ 15ರಷ್ಟು ಕಳೆದುಕೊಳ್ಳುತ್ತದೆ. ನೀರಿನಲ್ಲೇ ಇರುವ ಕೆಲಸಕ್ಕೆ ಕೊಳ್ಳುವವರು ಒಣ ಹಗ್ಗದ ಸಂಖ್ಯೆಯನ್ನು ನಂಬಿ ಲೆಕ್ಕ ಹಾಕಬಾರದು.

ಒಂದೇ ಹಗ್ಗ ಕೊಳ್ಳಬೇಕೆಂದರೆ ನಮ್ಮ ಆಯ್ಕೆ ಪಾಲಿಯೆಸ್ಟರ್. ಮೀಟರಿಗೆ 110 ಗ್ರಾಂ ಆಸುಪಾಸು, ಬಲ 22 ಕಿಲೋನ್ಯೂಟನ್. ಒಣಗಿದ ನೈಲಾನಿಗಿಂತ ಕಡಿಮೆಯೇ, ಆದರೆ ನೆನೆದರೂ ಇಳಿಯುವುದಿಲ್ಲ, ಹೆಚ್ಚು ಹಿಗ್ಗುವುದಿಲ್ಲ, ಬಿಸಿಲಿಗೆ ಚೆನ್ನಾಗಿ ತಡೆಯುತ್ತದೆ, ಉಜ್ಜಾಟಕ್ಕೆ ಬೇಗ ಸವೆಯುವುದಿಲ್ಲ. ಬೆಲೆ ಹೆಚ್ಚಾದರೂ ಬಾಳಿಕೆಗೆ ಹೋಲಿಸಿದರೆ ನಷ್ಟವಿಲ್ಲ. ಗಮನಿಸಬೇಕಾದದ್ದು ಒಂದೇ: ಪಾಲಿಯೆಸ್ಟರ್ ಎಂದು ಹೇಳಿ ಪಾಲಿಪ್ರಾಪಿಲೀನ್ ತಿರುಳಿನ ಮೇಲೆ ಪಾಲಿಯೆಸ್ಟರ್ ಹೊದಿಕೆ ಹೆಣೆದ ಹಗ್ಗ ಕೊಡುವುದುಂಟು. ನೀರಿಗೆ ಹಾಕಿದರೆ ತಿರುಳು ತೇಲುತ್ತದೆ, ಹೊದಿಕೆ ಮುಳುಗುತ್ತದೆ.

ಸುಟ್ಟು ನೋಡುವ ಪರೀಕ್ಷೆಯೂ ಇಲ್ಲಿ ನೆರವಿಗೆ ಬರುತ್ತದೆ. ಪಾಲಿಪ್ರಾಪಿಲೀನ್ ಮತ್ತು ಪಾಲಿಎಥಿಲೀನ್ ಎರಡೂ ಮೇಣದಬತ್ತಿ ಆರಿಸಿದ ವಾಸನೆ ಕೊಡುತ್ತವೆ. ಪಾಲಿಯೆಸ್ಟರ್ ಕಪ್ಪು ಹೊಗೆ ಕಾರಿ, ತಣ್ಣಗಾದಾಗ ಗಟ್ಟಿ ಕಪ್ಪು ಮಣಿ ಉಳಿಸುತ್ತದೆ. ನೈಲಾನಿನ ಹೊಗೆ ಅಷ್ಟು ಕಪ್ಪಲ್ಲ, ಕರಗಿದ್ದು ನೂಲಿನಂತೆ ಎಳೆಯಲು ಬರುತ್ತದೆ. ಸಸ್ಯದ ನಾರು ಕರಗುವುದೇ ಇಲ್ಲ. ಕಾಗದ ಸುಟ್ಟ ವಾಸನೆ, ಬೂದಿ. ಇದನ್ನು ಗಾಳಿಯಾಡುವ ಕಡೆ, ಇಕ್ಕಳದಲ್ಲಿ ಹಿಡಿದು ಮಾಡಬೇಕು, ಕರಗಿದ ಹನಿ ಚರ್ಮಕ್ಕೆ ಅಂಟಿದರೆ ಬಿಡುವುದಿಲ್ಲ.

ಅಂತರರಾಷ್ಟ್ರೀಯ ಮಾನಕಕ್ಕೆ ತಕ್ಕಂತೆ ಮಾಡಿದ ಹಗ್ಗದೊಳಗೆ ಗುರುತಿನ ಬಣ್ಣದ ಎಳೆ ಅಥವಾ ಪಟ್ಟಿ ಇರುತ್ತದೆ: ನೈಲಾನಿಗೆ ಹಸಿರು, ಪಾಲಿಯೆಸ್ಟರಿಗೆ ನೀಲಿ, ಪಾಲಿಪ್ರಾಪಿಲೀನಿಗೆ ಕಂದು. ಚೀಟಿಯಲ್ಲಿ ಐಎಸ್ಒ 1346 ಎಂದಿದ್ದರೆ ಪಾಲಿಪ್ರಾಪಿಲೀನ್, 1140 ಎಂದರೆ ನೈಲಾನ್, 1141 ಎಂದರೆ ಪಾಲಿಯೆಸ್ಟರ್, 1181 ಎಂದರೆ ಮನಿಲಾ ಮತ್ತು ಕತ್ತಾಳೆ. ಸಂಖ್ಯೆಗೂ ಮಾಲಿಗೂ ಹೊಂದದ ಚೀಟಿ ಕಂಡರೆ ಆ ಸರಕಿನ ಉಳಿದ ಕಾಗದಗಳನ್ನೂ ಅನುಮಾನದಿಂದಲೇ ಓದಬೇಕು.

ಮನಿಲಾ ಹಗ್ಗ ಬಾಳೆಯ ಜಾತಿಗೆ ಸೇರಿದ ಅಬಾಕಾ ಗಿಡದ ನಾರಿನದು; ನಾರಿನ ಬಹುಪಾಲು ಫಿಲಿಪ್ಪೀನ್ಸಿನದು, ಆಮೇಲೆ ಇಕ್ವೆಡಾರಿನದು. ಕತ್ತಾಳೆ ನಾರಿನಲ್ಲಿ ಬ್ರೆಜಿಲ್ ಮುಂದು, ಟಾಂಜಾನಿಯಾ ಮತ್ತು ಕೀನ್ಯಾದ ಮಾಲೂ ಬರುತ್ತದೆ. 12 ಮಿ.ಮೀ. ಮನಿಲಾ ಮೀಟರಿಗೆ 104 ಗ್ರಾಂ ತೂಗಿ 10.5 ಕಿಲೋನ್ಯೂಟನ್ನಿಗೆ ತುಂಡಾಗುತ್ತದೆ. ಕತ್ತಾಳೆ ಅದಕ್ಕಿಂತ ಹತ್ತರಿಂದ ಇಪ್ಪತ್ತು ಶೇಕಡ ಕಡಿಮೆ. ಬಲಕ್ಕಾಗಿ ಯಾರೂ ಇವನ್ನು ಕೊಳ್ಳುವುದಿಲ್ಲ. ಕೈಗೆ ಹಿಡಿತ, ಬಿಸಿಗೆ ಕರಗದಿರುವುದು, ಮಣ್ಣಲ್ಲಿ ಮಣ್ಣಾಗುವುದು, ಇವೇ ಇವುಗಳ ಹೆಚ್ಚುಗಾರಿಕೆ. ನೆನೆದರೆ ನಾರು ಉಬ್ಬಿ ಹಗ್ಗ ಕುಗ್ಗುತ್ತದೆ, ಗಂಟು ಕಚ್ಚಿಕೊಳ್ಳುತ್ತದೆ. ಒಣಗಿದ್ದಾಗ ಬಿಗಿಯಾಗಿ ಕಟ್ಟಿದ್ದು ಮಳೆ ಬಂದಾಗ ಕಂಬವನ್ನೇ ಬಗ್ಗಿಸಬಹುದು.

ನಾರಿನ ಹಗ್ಗವನ್ನು ಕಿಲೋ ಲೆಕ್ಕದಲ್ಲಿ ಕೊಳ್ಳುವವರು ತೇವಕ್ಕೂ ಹಣ ಕೊಡುತ್ತಾರೆ. ಕಂಟೇನರಿನೊಳಗೆ ಹಗಲಿನ ಬಿಸಿಗೆ ಆವಿಯಾದ ತೇವ ರಾತ್ರಿ ತಗಡಿನ ಚಾವಣಿಗೆ ಹನಿಗಟ್ಟಿ ಸುರುಳಿಗಳ ಮೇಲೆ ಬೀಳುತ್ತದೆ. ಮೇಲಿನ ಸಾಲಿಗೆ ಬೂಸ್ಟು ಹಿಡಿಯುವುದು ಹೀಗೆ. ಬಾಗಿಲು ತೆಗೆದೊಡನೆ ಮುಗ್ಗಲು ವಾಸನೆ ಬಂದರೆ ಮೇಲಿನ ಸಾಲಿನ ಸುರುಳಿ ಬಿಡಿಸಿ, ಹುರಿ ತಿರುಚಿ ಒಳಗಿನ ನಾರು ನೋಡಿ. ಒಳಗೆ ಬೂದುಬಣ್ಣದ ಪುಡಿ ಕಂಡರೆ ಆ ಹಗ್ಗ ಮುಗಿಯಿತು, ಒಣಗಿಸಿದರೆ ಬಲ ಮರಳುವುದಿಲ್ಲ.

ಬೇಲರ್ ದಾರ ಸಣ್ಣ ಸರಕಿನಂತೆ ಕಂಡರೂ ಅದರ ತಪ್ಪು ಕೊಯ್ಲಿನ ಹೊತ್ತಿಗೇ ತಿಳಿಯುತ್ತದೆ. ಇದರ ಅಳತೆ ದಪ್ಪವಲ್ಲ, ಒಂದು ಕಿಲೋಗೆ ಎಷ್ಟು ಮೀಟರ್ ಎಂಬುದು. ಕಿಲೋಗೆ 200 ಮೀಟರ್ ಎಂದು ಬರೆದ ಕತ್ತಾಳೆ ದಾರ ಮೀಟರಿಗೆ 5 ಗ್ರಾಂ ತೂಗಬೇಕು. ಹತ್ತು ಮೀಟರ್ ಅಳೆದು ತೂಗಿ, 50 ಗ್ರಾಂ ಬರುತ್ತದೆಯೇ ನೋಡಿ; ಮತ್ತೆ ಉಂಡೆಯ ಬೇರೆ ಬೇರೆ ಐದು ಕಡೆಯಿಂದ ಹತ್ತು ಹತ್ತು ಮೀಟರ್ ತೆಗೆದು ತೂಗಿ. ಸರಾಸರಿಗಿಂತ ಇಲ್ಲಿ ಸಮತೆ ಮುಖ್ಯ. ದಪ್ಪ ಉಬ್ಬಿದ್ದ ಕಡೆ ದಾರ ಗಂಟು ಹಾಕುವ ಯಂತ್ರದಲ್ಲಿ ಸಿಕ್ಕಿಕೊಳ್ಳುತ್ತದೆ, ತೆಳುವಿದ್ದ ಕಡೆ ಗಂಟಿನಲ್ಲೇ ತುಂಡಾಗುತ್ತದೆ. ಯಂತ್ರ ಕೆಟ್ಟಿದೆ ಎಂದು ಬಿಚ್ಚುವವರು ಮೊದಲು ದಾರ ನೋಡಬೇಕು. ಉಂಡೆಯನ್ನು ಒಳತುದಿಯಿಂದ ಎಳೆಯಬೇಕು, ಯಾವ ಕಡೆ ಮೇಲೆ ಎಂಬ ಗುರುತು ಚೀಟಿಯಲ್ಲಿರುತ್ತದೆ. ಪಾಲಿಪ್ರಾಪಿಲೀನ್ ಬೇಲರ್ ದಾರ ಕೊಳೆಯುವುದಿಲ್ಲ, ಇಲಿ ಕಡಿತಕ್ಕೂ ಸ್ವಲ್ಪ ತಡೆಯುತ್ತದೆ, ಆದರೆ ಹಸುವಿನ ಹೊಟ್ಟೆಗೆ ಹೋದರೆ ಅಲ್ಲೇ ಗಂಟುಬೀಳುತ್ತದೆ. ದನಗಳಿಗೆ ಹಾಕುವ ಹುಲ್ಲಿಗೆ ಕತ್ತಾಳೆ ದಾರವೇ ಲೇಸು ಎಂಬುದು ನಮ್ಮ ಖಚಿತ ನಿಲುವು.

ಅತಿ ಬಲದ ಪಾಲಿಎಥಿಲೀನ್ ಹಗ್ಗ ಅದೇ ದಪ್ಪದ ನೈಲಾನಿಗಿಂತ ಮೂರು ಪಟ್ಟು ಬಲವಾದದ್ದು, ನೀರಲ್ಲಿ ತೇಲುತ್ತದೆ ಕೂಡ. ಆದರೆ ಗಂಟು ಜಾರುತ್ತದೆ, 150 ಡಿಗ್ರಿ ಮುಟ್ಟುವ ಮೊದಲೇ ಮೆತ್ತಗಾಗುತ್ತದೆ, ಸದಾ ಭಾರದಡಿ ಇದ್ದರೆ ನಿಧಾನವಾಗಿ ಉದ್ದವಾಗುತ್ತ ಹೋಗುತ್ತದೆ. ಹೆಣೆದು ಕುಣಿಕೆ ಮಾಡಲು ಬಲ್ಲವರಿಗೆ ಮಾತ್ರ.

ಸುಂಕದ ಕಾಗದದ ವಿಚಾರ. ಅಂತರರಾಷ್ಟ್ರೀಯ ಸರಕು ಪಟ್ಟಿಯಲ್ಲಿ ಹಗ್ಗ, ದಾರ, ಹುರಿಗೆ 5607ನೆಯ ಶೀರ್ಷಿಕೆ. ಅದರೊಳಗೆ ಕತ್ತಾಳೆಯ ಬೇಲರ್ ದಾರ 5607.21, ಕತ್ತಾಳೆಯ ಉಳಿದದ್ದು 5607.29, ಪಾಲಿಎಥಿಲೀನ್ ಮತ್ತು ಪಾಲಿಪ್ರಾಪಿಲೀನಿನ ಬೇಲರ್ ದಾರ 5607.41, ಅವುಗಳ ಉಳಿದ ಹಗ್ಗ 5607.49, ನೈಲಾನ್ ಮತ್ತು ಪಾಲಿಯೆಸ್ಟರಿನಂಥವು 5607.50, ಮಿಕ್ಕಿದ್ದೆಲ್ಲ 5607.90. ಮಿಶ್ರ ಹಗ್ಗವಾದರೆ ತೂಕದಲ್ಲಿ ಯಾವ ನಾರು ಹೆಚ್ಚೋ ಅದರ ಸಾಲಿಗೆ. ನೂಲು ಎಲ್ಲಿ ಮುಗಿದು ದಾರ ಎಲ್ಲಿ ಶುರುವಾಗುತ್ತದೆ ಎಂಬುದಕ್ಕೂ ತೂಕವೇ ಗಡಿ: ಕೃತಕ ನಾರಿಗೆ 10,000 ಡೆಸಿಟೆಕ್ಸ್, ಎಂದರೆ ಮೀಟರಿಗೆ 1 ಗ್ರಾಂ ದಾಟಬೇಕು; ಸೆಣಬು, ಕತ್ತಾಳೆಗೆ 20,000, ಮೀಟರಿಗೆ 2 ಗ್ರಾಂ. ತೆಂಗಿನ ನಾರಿಗೆ ಲೆಕ್ಕ ಬೇರೆ, ಮೂರು ಅಥವಾ ಹೆಚ್ಚು ಎಳೆ ಹೊಸೆದಿರಬೇಕು.

ಇಲ್ಲಿ ಹೆಚ್ಚು ತಪ್ಪಾಗುವುದು ತುಂಡು ಮಾಡಿ ಬಂದ ಹಗ್ಗದಲ್ಲಿ. ಸುರುಳಿಯಾಗಿ ಬಂದರೆ 5607. ಅದೇ ಹಗ್ಗ ಅಳತೆಗೆ ಕತ್ತರಿಸಿ ತುದಿಗೆ ಕುಣಿಕೆ ಅಥವಾ ಕೊಕ್ಕೆ ಹಾಕಿ ಬಂದರೆ 5609. ಬಲೆಯಾದರೆ 5608. ಉಕ್ಕಿನ ತಂತಿ ಹಗ್ಗ ಇವುಗಳ ಪೈಕಿಯೇ ಅಲ್ಲ, ನಡುವೆ ನಾರಿನ ತಿರುಳಿದ್ದರೂ ಅದು 7312. ಒಂದೇ ಕಂಟೇನರಿನಲ್ಲಿ ಸುರುಳಿಯೂ ಕುಣಿಕೆ ಹಾಕಿದ ಎಳೆಹಗ್ಗವೂ ಇದ್ದರೆ ಬಿಲ್ಲಿನಲ್ಲಿ ಬೇರೆ ಸಾಲು, ಬೇರೆ ತೂಕ ಇರಲೇಬೇಕು. ಇಲ್ಲದಿದ್ದರೆ ಸರಕು ಬಂದರಿನಲ್ಲೇ ನಿಲ್ಲುತ್ತದೆ.

ಸರಕು ಇಳಿದ ಮೇಲೆ ಬಾಗಿಲ ಬಳಿಯ ಸುರುಳಿಯನ್ನು ಮಾತ್ರ ನೋಡಬೇಡಿ. ಮುಂದೆ, ನಡುವೆ, ಕೊನೆಯಲ್ಲಿ ಒಂದೊಂದು ಆರಿಸಿ. ಮೊದಲು ಇಡೀ ಸುರುಳಿ ತೂಗಿ, ಚೀಲ ಮತ್ತು ಕಟ್ಟಿದ ದಾರದ ತೂಕ ಕಳೆಯಿರಿ. ನಂತರ ಹಗ್ಗದ ಒಂದು ತುದಿ ಮೇಲೆ ಕಟ್ಟಿ, ಕೆಳಗೆ ಭಾರ ತೂಗುಬಿಡಿ, 12 ಮಿ.ಮೀ. ಹಗ್ಗಕ್ಕೆ 18 ಕಿಲೋ, ಎಂದರೆ ದಪ್ಪದ ವರ್ಗವನ್ನು ಎಂಟರಿಂದ ಭಾಗಿಸಿದಷ್ಟು. ಆ ಬಿಗಿಯಲ್ಲಿ ಸರಿಯಾಗಿ ಒಂದು ಮೀಟರಿಗೆ ಎರಡು ಗುರುತು ಹಾಕಿ, ಇಳಿಸಿ, ಗುರುತಿಗೆ ಕತ್ತರಿಸಿ ತೂಗಿ. ಬಂದ ಗ್ರಾಮನ್ನು ಮೇಲಿನ ಸಂಖ್ಯೆಗೆ ಹೋಲಿಸಿ. ಸುರುಳಿಯ ತೂಕವನ್ನು ಅದರಿಂದ ಭಾಗಿಸಿದರೆ ನಿಜವಾದ ಉದ್ದ ಸಿಗುತ್ತದೆ. 220ರ ಬದಲು 200 ಮೀಟರ್ ಸುತ್ತಿದ ಸುರುಳಿ ಹೀಗೆ ಬಿಚ್ಚದೆಯೇ ಸಿಕ್ಕಿಬೀಳುತ್ತದೆ. ನೆಲದ ಮೇಲೆ ಸಡಿಲ ಹಗ್ಗ ಅಳೆದರೆ ಈ ಲೆಕ್ಕ ಹೊಂದುವುದಿಲ್ಲ, ವಾದಕ್ಕೂ ನಿಲ್ಲುವುದಿಲ್ಲ.

ತುಂಡಾಗುವ ಭಾರ ಕೆಲಸದ ಭಾರವಲ್ಲ. ಸಾಮಾನ್ಯ ಕೆಲಸಕ್ಕೂ ಅದರ ಐದನೇ ಒಂದು ಭಾಗಕ್ಕಿಂತ ಹೆಚ್ಚು ಹೇರಬಾರದು, ಹಠಾತ್ ಎಳೆತವಿದ್ದರೆ ಅಥವಾ ಜೀವದ ಪ್ರಶ್ನೆಯಿದ್ದರೆ ಹನ್ನೆರಡನೇ ಒಂದು ಭಾಗ. ಗಂಟು ಹಾಕಿದರೆ ಬಲದ ಮೂರನೇ ಒಂದರಿಂದ ಅರ್ಧದವರೆಗೆ ಕಳೆದುಹೋಗುತ್ತದೆ. ಹುರಿಗೆ ಹುರಿ ಹೆಣೆದು ಮಾಡಿದ ಕುಣಿಕೆಯಲ್ಲಿ ಹತ್ತನೇ ಒಂದರಷ್ಟು ಮಾತ್ರ. ಹಾಗೆ ಹೆಣೆಯುವಾಗ ನಾರಿನ ಹಗ್ಗಕ್ಕೆ ಮೂರು ಸುತ್ತು ಸಾಕು, ನುಣುಪಾದ ಕೃತಕ ಹಗ್ಗಕ್ಕೆ ಐದಕ್ಕಿಂತ ಕಡಿಮೆ ಹಾಕಿದರೆ ಜಾರುತ್ತದೆ.

ಆರ್ಡರಿನಲ್ಲಿ ನಾರಿನ ಹೆಸರು, ಮಾನಕದ ಸಂಖ್ಯೆ, ಮೀಟರಿಗೆ ಗ್ರಾಂ, ತುಂಡಾಗುವ ಕನಿಷ್ಠ ಭಾರ, ಸುರುಳಿಯ ಉದ್ದ, ಚೀಲ ಕಳೆದ ತೂಕ ಇವಿಷ್ಟೂ ಇರಲಿ. ಮರದ ಪ್ಯಾಲೆಟ್ ಮೇಲೆ ಬರುವುದಾದರೆ ಮರದ ಕೀಟ ಕೊಂದಿದೆ ಎಂದು ತೋರಿಸುವ ಐಎಸ್‌ಪಿಎಂ 15ರ ಮುದ್ರೆಯ ಮಾತೂ ಸೇರಲಿ. ಒಪ್ಪಿದ ಮಾದರಿಯಿಂದ ಎರಡು ಮೀಟರ್ ಕತ್ತರಿಸಿ, ಇಬ್ಬರೂ ಸಹಿ ಹಾಕಿದ ಲಕೋಟೆಯಲ್ಲಿ ಮುಚ್ಚಿ, ಒಂದು ಮಾರುವವರ ಬಳಿ, ಒಂದು ನಿಮ್ಮ ಬಳಿ ಇಟ್ಟುಕೊಳ್ಳಿ.