ಮೇಸ್ತ್ರಿ ಕೈಗೆ ಅಡ್ವಾನ್ಸ್ ಇಡುವ ಮುಂಚೆ ಮಳೆ ದಿನದ ಮಾತು ಆಡಿಕೊಳ್ಳಿ

ಕಾಫಿ ಕೊಯ್ಲಿಗೆ ಆಳು ಸಿಕ್ಕರೆ ಸಾಕು ಅನ್ನೋ ಅವಸರದಲ್ಲಿ ನಾನು ಮಾಡಿಕೊಂಡ ಎಡವಟ್ಟು ಇದು. ತೋಟ ಇರುವವರು ಸ್ವಲ್ಪ ಓದಿ.

ಮೂಡಿಗೆರೆ ಕಡೆ ನಮ್ಮದು 8 ಎಕರೆ ರೋಬಸ್ಟಾ ಕಾಫಿ. ಹೋದ ಡಿಸೆಂಬರ್‌ನಲ್ಲಿ ಆಳು ಕರೆತರುವ ಒಬ್ಬ ಮೇಸ್ತ್ರಿ ಬಂದ. "ಅಸ್ಸಾಂನಿಂದ 14 ಜನ ಕರ್ಕೊಂಡು ಬರ್ತೀನಿ ಅಣ್ಣ, ಹಣ್ಣು ಮುಗಿಯೋವರೆಗೂ ಅಲ್ಲಾಡಲ್ಲ" ಅಂದ. 70,000 ರೂಪಾಯಿ ಒಂದೇ ಸಲ ಕೊಟ್ಟೆ. ಕೂಲಿ ಕೆಜಿ ಲೆಕ್ಕ. ಮಳೆ ಬಂದರೆ ಏನು ಅಂತ ಅವನೂ ಹೇಳಲಿಲ್ಲ, ನಾನೂ ಕೇಳಲಿಲ್ಲ. ಜನವರಿಯಲ್ಲಿ ಯಾವ ಮಳೆ, ಅಲ್ವಾ? 2021ರ ಜನವರಿಯಲ್ಲಿ ಸುರಿದದ್ದು ಮರೆತೇ ಹೋಗಿತ್ತು.

ನಮ್ಮ ಕೊಯ್ಲಿನ ಮಧ್ಯೆಯೂ ಮಳೆ ಮೂರು ದಿನ ಹೊಡೆಯಿತು. ಕಣದಲ್ಲಿದ್ದ ಹಣ್ಣಿಗೆ ಟಾರ್ಪಾಲ್ ಹೊದಿಸಿದೆವು. ಮೂರನೇ ದಿನ ರಾಶಿಯ ಅಡಿಗೆ ಕೈ ಹಾಕಿದರೆ ಬಿಸಿ, ಹುಳಿ ವಾಸನೆ. ಅದಾದರೂ ಹೋಗಲಿ. ಕಾಫಿ ಹೂ ಅರಳಿಸುವ ಹೂಮಳೆ ಬೀಳಬೇಕಾದ್ದು ಕೊಯ್ಲು ಮುಗಿದ ಮೇಲೆ, ಫೆಬ್ರವರಿ-ಮಾರ್ಚ್‌ನಲ್ಲಿ. ಈಗ ಹಣ್ಣಿರುವ ರೆಕ್ಕೆಯಲ್ಲೇ, ಅಂದರೆ ಕೊಂಬೆಯಲ್ಲೇ, ಮೊಗ್ಗು ಉಬ್ಬಿತು. ಹಣ್ಣು ಎಳೆದರೆ ಮೊಗ್ಗೂ ಉದುರುತ್ತದೆ, ಮುಂದಿನ ಫಸಲು ಹೋದಂತೆ. ಕೊಯ್ಲು ನಿಲ್ಲಿಸಿದೆ.

ಕೆಜಿ ಲೆಕ್ಕದವರಿಗೆ ಕೊಯ್ಲಿಲ್ಲ ಅಂದರೆ ಕಾಸಿಲ್ಲ. ಐದನೇ ದಿನ ಒಬ್ಬ ಹುಡುಗ ಅಂಗಳಕ್ಕೆ ಬಂದು, ಅರ್ಧ ಹಿಂದಿ ಅರ್ಧ ಕನ್ನಡದಲ್ಲಿ ಅಕ್ಕಿ ಖಾಲಿ ಅಂದ. "ಮೇಸ್ತ್ರಿನ ಕೇಳು" ಅಂದುಬಿಟ್ಟೆ. ಆ ಮಾತು ಈಗಲೂ ಚುಚ್ಚುತ್ತದೆ. ಮಾರನೇ ಬೆಳಿಗ್ಗೆ ಆಳುಗಳಿದ್ದ ಲೈನ್ ಮನೆ ಖಾಲಿ. ಒಲೆಯ ಬೂದಿ ಇನ್ನೂ ಬೆಚ್ಚಗಿತ್ತು. ಮೇಸ್ತ್ರಿ ಫೋನ್ ಸ್ವಿಚ್ ಆಫ್.

ವಾರ ಬಿಟ್ಟು ಅದೇ ಹುಡುಗ ಬೇರೆ ತೋಟದ ಹತ್ತಿರ ಸಿಕ್ಕ. ಅಡ್ವಾನ್ಸ್‌ನಲ್ಲಿ ನಿನಗೆಷ್ಟು ಬಂತು ಅಂತ ಕೇಳಿದೆ. "ಯಾವ ಅಡ್ವಾನ್ಸ್?" ಅಂದ.

ಆಧಾರ್ ಕಾರ್ಡ್ ಇಸ್ಕೊಂಡು ಇಟ್ಕೋಬೇಕಿತ್ತು ಅಂತ ಬುದ್ಧಿ ಹೇಳಿದವರಿದ್ದಾರೆ. ಬೇಡಪ್ಪ. ಮುಂಗಡ ಕೊಟ್ಟಿದ್ದೇವೆ ಅಂತ ಆಳನ್ನು ಹಿಡಿದಿಟ್ಟುಕೊಂಡರೆ 1976ರ ಜೀತ ಪದ್ಧತಿ ರದ್ದತಿ ಕಾಯ್ದೆ ನಮ್ಮ ಕುತ್ತಿಗೆಗೇ ಬರುತ್ತದೆ. ಅದೂ ಅಲ್ಲದೆ, ಹಸಿದವನ ಕಾರ್ಡ್ ಇಟ್ಟುಕೊಂಡು ಏನು ಮಾಡೋದು?

ಅಡ್ವಾನ್ಸ್ ಕೊಡಲೇಬೇಕಾದರೆ ಕಂತಿನಲ್ಲಿ, ಕೆಲಸದವರೆಲ್ಲರ ಎದುರಿಗೇ ಕೊಡಿ. ವಾರದ ಬಟವಾಡೆ ನೇರ ಅವರ ಕೈಗೆ. ಮಳೆ ಬಂದ ದಿನಕ್ಕೆ ಏನು ಅನ್ನೋದನ್ನು ಒಂದು ಹಾಳೆಯಲ್ಲಿ ಬರೆದು, ಅವರಿಗೆ ಅರ್ಥವಾಗುವ ಭಾಷೆಯಲ್ಲಿ ಓದಿ ಹೇಳಿಸಿ. ಈ ಸಲ ನಾನು ಅರ್ಧ ಕೂಲಿ, ಜೊತೆಗೆ ಅಕ್ಕಿ-ಬೇಳೆ ಅಂತ ಬರೆದುಕೊಟ್ಟಿದ್ದೇನೆ. ಗೋಡೌನ್‌ನಲ್ಲಿ ಚೀಲ ಹೊಲಿಯುವ ಕೆಲಸವಿದ್ದರೆ ಪೂರ್ತಿ ಕೂಲಿ.

ಆ ಮೇಸ್ತ್ರಿ ಈಗ ಸಕಲೇಶಪುರ ಕಡೆ ತಿರುಗುತ್ತಿದ್ದಾನಂತೆ. ಇನ್ನೂ "ಅಣ್ಣ" ಅಂತಲೇ ಮಾತು ಶುರು ಮಾಡುತ್ತಾನಂತೆ.