ತುಂಬು ಮೈಯ ಮದುವಣಗಿತ್ತಿಗೆ ಕಂಚಿಯೋ, ಮೈಸೂರು ರೇಷ್ಮೆಯೋ?

ಎರಡನ್ನೂ ಉಟ್ಟು ಕನ್ನಡಿಯ ಮುಂದೆ ನಿಂತರೆ ವ್ಯತ್ಯಾಸ ನೆರಿಗೆಯಲ್ಲೇ ಗೊತ್ತಾಗುತ್ತದೆ. ಕಂಚಿ ಸೀರೆ ದಪ್ಪ. ಹೊಸದರಲ್ಲಂತೂ ನೆರಿಗೆ ಹೊಟ್ಟೆಯ ಮುಂದೆ ಬೀಸಣಿಗೆಯಂತೆ ಸೆಟೆದು ನಿಂತು, ಸೊಂಟ ಇರುವುದಕ್ಕಿಂತ ಅಗಲವಾಗಿ ಕಾಣುತ್ತದೆ. ಹುರಿ ಹಾಕಿದ ನೂಲಿನ ಮೈಸೂರು ಕ್ರೇಪ್ ಹಾಗಲ್ಲ, ನೀರಿನಂತೆ ಕೆಳಗಿಳಿಯುತ್ತದೆ. ಆದರೆ ಮೈಗಂಟಿ ಕೂರುವುದರಿಂದ ಒಳಲಂಗದ ಲಾಡಿಯ ಗಂಟೂ ಎದ್ದು ತೋರುತ್ತದೆ. ಗಂಟನ್ನು ಪಕ್ಕಕ್ಕೆ ಹಾಕಿ, ಇಲ್ಲವೇ ಲಾಡಿಯಿಲ್ಲದ, ಹಿಗ್ಗುವ ಬಟ್ಟೆಯ ಲಂಗ ತೊಡಿ.

ಧಾರೆಗೆ ಮಾತ್ರ ನನ್ನ ಮತ ಕಂಚಿಗೇ. ಹಸೆಮಣೆಯ ಮೇಲೆ ಎಷ್ಟು ಸಲ ಕೂತೆದ್ದರೂ ನೆರಿಗೆ ಕದಲುವುದಿಲ್ಲ, ಡಾಬು ಜಾರುವುದಿಲ್ಲ. ಅಂಚು ಕಿರಿದಾಗಿರಲಿ, ಕುಳ್ಳಗಿರುವವರ ಎತ್ತರವನ್ನು ದೊಡ್ಡಂಚು ತಿಂದುಹಾಕುತ್ತದೆ. ನಿಂತೇ ಇರಬೇಕಾದ ಆರತಕ್ಷತೆಗೆ ಹಗುರವಾದ ಮೈಸೂರು ರೇಷ್ಮೆ.

ಯಾವುದನ್ನೇ ಕೊಂಡರೂ ರವಿಕೆಯೊಳಗೆ ಒಂದಿಂಚು ಬಟ್ಟೆ ಬಿಡಿಸಿ. ಮದುವೆಯ ಹೊತ್ತಿಗೆ ಇಳಿಯುತ್ತೇನೆಂದು ನಾನು ಬಿಗಿಯಾಗಿ ಹೊಲಿಸಿದ್ದೆ. ಮುಹೂರ್ತದ ಬೆಳಿಗ್ಗೆ ಸೋದರತ್ತೆ ಬ್ಲೇಡು ಹಿಡಿದು ಪಕ್ಕದ ಹೊಲಿಗೆ ಬಿಚ್ಚಿ, ಪಿನ್ನು ಚುಚ್ಚಿ, ಸೆರಗು ಹೊದಿಸಿ ಮಂಟಪಕ್ಕೆ ಕಳುಹಿಸಿದರು.